ಮನೆವಾರ್ತೆ: ಮನೆಯ ಬೆಲೆಯೂ ಸಾಲದ ಬೆಲೆಯೂ

‘ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು’ ಎಂಬ ಗಾದೆ ಹುಟ್ಟಿದ ಕಾಲದಲ್ಲಿ ಮನೆಯ ಸಾಲವೆಂದರೆ ಊರ ಸಾಹುಕಾರನ ಸಾಲ. ಬಡ್ಡಿಯ ದರವನ್ನು ಆತ ಬಾಯಿಬಿಟ್ಟು ಹೇಳುತ್ತಿದ್ದ. ಪತ್ರಕ್ಕೆ ರುಜು ಹಾಕುವಾಗಲೇ ಸಾಲಗಾರನ ಕೈ ನಡುಗುತ್ತಿತ್ತು. ಈಗ ಆ ನಡುಕವಿಲ್ಲ. ಬ್ಯಾಂಕಿನ ತಂಪಾದ ಕೋಣೆಯಲ್ಲಿ ಕುಳಿತು, ಕಾಫಿ ಕುಡಿಯುತ್ತ, ಮೂವತ್ತು ಕಡೆ ರುಜು ಹಾಕಿ ಬಂದರೆ ಐವತ್ತು ಲಕ್ಷದ ಋಣ ಹೆಗಲೇರಿರುತ್ತದೆ. ಸಾಲ ಪಡೆಯುವವರು ಕೇಳುವ ಪ್ರಶ್ನೆ ಸಾಮಾನ್ಯವಾಗಿ ಒಂದೇ: “ತಿಂಗಳಿಗೆ ಎಷ್ಟು ಕಟ್ಟಬೇಕು?” ಒಟ್ಟಿನಲ್ಲಿ ಎಷ್ಟು ಕಟ್ಟಬೇಕೆಂದು ಕೇಳುವವರು ವಿರಳ.

ಬೆಂಗಳೂರಿನ ಹನುಮಂತನಗರದಲ್ಲಿ ಬಾಡಿಗೆಗೆ ಇರುವ ಒಂದು ಸಂಸಾರವನ್ನು ಉದಾಹರಣೆಗೆ ತೆಗೆದುಕೊಳ್ಳಬಹುದು. ಯಜಮಾನನಿಗೆ ಮೂವತ್ತನಾಲ್ಕು ವರ್ಷ. ಖಾಸಗಿ ಕಂಪೆನಿಯಲ್ಲಿ ಕೆಲಸ. ಹೆಂಡತಿ ಪ್ರೌಢಶಾಲೆಯ ಉಪಾಧ್ಯಾಯಿನಿ. ಐದು ವರ್ಷದ ಮಗಳು. ಜೊತೆಗೆ, ಸರ್ಕಾರಿ ಖಜಾನೆಯಲ್ಲಿ ಮೂವತ್ತು ವರ್ಷ ಗುಮಾಸ್ತರಾಗಿದ್ದು ನಿವೃತ್ತರಾದ ತಂದೆ. ಇಬ್ಬರ ಸಂಬಳವೂ ಸೇರಿ ಕೈಗೆ ಬರುವುದು ತಿಂಗಳಿಗೆ ಒಂದು ಲಕ್ಷದ ಐದು ಸಾವಿರ ರೂಪಾಯಿ. ಮನೆಬಾಡಿಗೆ ಹದಿನೆಂಟು ಸಾವಿರ. ಕೆಂಗೇರಿಯ ಕಡೆ ಅರುವತ್ತೈದು ಲಕ್ಷಕ್ಕೆ ಒಂದು ಫ್ಲಾಟು ನೋಡಿದ್ದಾರೆ. ಗಂಡಹೆಂಡಿರು ಉಳಿತಾಯ ಮಾಡಿಟ್ಟಿರುವುದು ಇಪ್ಪತ್ತನಾಲ್ಕು ಲಕ್ಷ.

ಒಂದು ಭಾನುವಾರ ಮಧ್ಯಾಹ್ನ ಊಟವಾದ ಮೇಲೆ ಮಗನು ಬ್ಯಾಂಕಿನಿಂದ ತಂದ ಕಾಗದಗಳನ್ನು ತಂದೆಯ ಮುಂದೆ ಹರಡಿದನು.

“ಮನೆಗೆ ಎಷ್ಟಾಗುತ್ತದಪ್ಪ?” ಎಂದರು ವೃದ್ಧರು.

“ಅರುವತ್ತೈದು ಲಕ್ಷ.”

“ಅದು ಮಾರುವವನ ಬೆಲೆ. ನಿನಗೆ ಬೀಳುವ ಬೆಲೆ ಎಷ್ಟು?”

ಮಗನಲ್ಲಿ ಉತ್ತರವಿರಲಿಲ್ಲ. ಸೊಸೆಯು ಮಗಳ ಹಳೆಯ ನೋಟ್‌ಬುಕ್ಕನ್ನೂ ಪೆನ್ಸಿಲನ್ನೂ ತಂದು ಮಾವನವರ ಕೈಗೆ ಕೊಟ್ಟಳು.

ಬಾಗಿಲಲ್ಲೇ ಆಗುವ ಖರ್ಚು

ಮನೆಯ ಬೆಲೆಯ ಪೂರ್ತಿ ಹಣವನ್ನು ಬ್ಯಾಂಕು ಸಾಲವಾಗಿ ಕೊಡುವುದಿಲ್ಲ. ರಿಸರ್ವ್ ಬ್ಯಾಂಕಿನ ನಿಯಮದಂತೆ, ಸಾಲದ ಮೊತ್ತ ಮೂವತ್ತರಿಂದ ಎಪ್ಪತ್ತೈದು ಲಕ್ಷದ ನಡುವೆ ಇದ್ದರೆ ಮನೆಯ ಬೆಲೆಯ ಶೇಕಡ 80ನ್ನು ಮೀರಿ ಸಾಲ ಕೊಡಲಾಗದು. ಈ ಸಂಸಾರವು ಕೇಳಿರುವುದು ಐವತ್ತು ಲಕ್ಷ. ಉಳಿದ ಹದಿನೈದು ಲಕ್ಷವನ್ನು ಕೈಯಿಂದಲೇ ಹಾಕಬೇಕು. ಇದರ ಮೇಲೆ ಮುದ್ರಾಂಕ ಶುಲ್ಕ ಮತ್ತು ನೋಂದಣಿ ಶುಲ್ಕ. ಕರ್ನಾಟಕದಲ್ಲಿ ಈ ಬೆಲೆಯ ಮನೆಗೆ ಮುದ್ರಾಂಕ ಶುಲ್ಕ ಶೇಕಡ 5; ನೋಂದಣಿ ಶುಲ್ಕವು ಮೊದಲು ಶೇಕಡ 1 ಇದ್ದದ್ದು 2025ರ ಆಗಸ್ಟ್ 31ರಿಂದ ಶೇಕಡ 2 ಆಯಿತು. ಎರಡೂ ಸೇರಿದರೆ ನಾಲ್ಕು ಲಕ್ಷದ ಐವತ್ತೈದು ಸಾವಿರ. ಅದರ ಮೇಲೆ ಉಪಕರಗಳು ಬೇರೆ. ಈ ಹಣವನ್ನು ಬ್ಯಾಂಕು ಮನೆಯ ಬೆಲೆಯಲ್ಲಿ ಸೇರಿಸಿ ಎಣಿಸುವುದಿಲ್ಲ. ಕೂಡಿಟ್ಟ ಇಪ್ಪತ್ತನಾಲ್ಕು ಲಕ್ಷದಲ್ಲಿ ಹತ್ತೊಂಬತ್ತೂವರೆ ಲಕ್ಷ, ಮನೆಯ ಹೊಸಲು ದಾಟುವ ಮೊದಲೇ ಕರಗಿಹೋಗುತ್ತದೆ.

“ಮಿಕ್ಕದ್ದರಲ್ಲಿ ಆರು ಕಂತಿನಷ್ಟು ಹಣವನ್ನು ಯಾರೂ ಮುಟ್ಟಕೂಡದು,” ಎಂದು ವೃದ್ಧರು ಒಂದು ಗೆರೆ ಎಳೆದರು. “ಕೆಲಸ ಹೋದರೂ, ಕಾಯಿಲೆ ಬಿದ್ದರೂ ಬ್ಯಾಂಕಿನವರು ತಾರೀಖು ಮುಂದೂಡುವುದಿಲ್ಲ.”

ಈ ಎಚ್ಚರಿಕೆ ಅನಾವಶ್ಯಕವಾದುದಲ್ಲ. ಕಂತುಗಳು ತಪ್ಪಿ ಸಾಲವು ವಸೂಲಾಗದ ಸಾಲವೆಂದು ವರ್ಗೀಕೃತವಾದರೆ, ಅಡಮಾನವಾದ ಮನೆಯನ್ನು ನ್ಯಾಯಾಲಯಕ್ಕೆ ಹೋಗದೆಯೇ ವಶಪಡಿಸಿಕೊಂಡು ಮಾರುವ ಅಧಿಕಾರವನ್ನು 2002ರ ಸರ್ಫೇಸಿ ಕಾಯಿದೆಯು ಬ್ಯಾಂಕುಗಳಿಗೆ ಕೊಟ್ಟಿದೆ.

ಕಂತಿನ ಒಡಲಲ್ಲಿ ಏನಿದೆ?

ಐವತ್ತು ಲಕ್ಷ ಸಾಲ. ವಾರ್ಷಿಕ ಬಡ್ಡಿ ಶೇಕಡ ಎಂಟೂವರೆ. ಅವಧಿ ಇಪ್ಪತ್ತು ವರ್ಷ. ಇ.ಎಂ.ಐ. ಎಂದು ಎಲ್ಲರ ಬಾಯಲ್ಲಿರುವ ತಿಂಗಳ ಕಂತು 43,391 ರೂಪಾಯಿ. ಇನ್ನೂರ ನಲವತ್ತು ತಿಂಗಳು ಕಟ್ಟಿದರೆ ಒಟ್ಟು ಒಂದು ಕೋಟಿ ನಾಲ್ಕು ಲಕ್ಷದ ಹದಿಮೂರು ಸಾವಿರಕ್ಕೂ ಹೆಚ್ಚು. ಅಸಲು ಐವತ್ತು ಲಕ್ಷ, ಬಡ್ಡಿ ಐವತ್ತನಾಲ್ಕು ಲಕ್ಷ! ಮುಂಗಡ, ನೋಂದಣಿ ಎಲ್ಲವನ್ನೂ ಕೂಡಿಸಿದರೆ ಅರುವತ್ತೈದು ಲಕ್ಷದ ಮನೆಗೆ ಸಲ್ಲುವ ಹಣ ಒಂದು ಕೋಟಿ ಇಪ್ಪತ್ತಮೂರು ಲಕ್ಷದ ಅರುವತ್ತೆಂಟು ಸಾವಿರ.

ಬ್ಯಾಂಕು ಮೋಸ ಮಾಡಿತೇ? ಇಲ್ಲ. ಲೆಕ್ಕ ಸರಿಯಾಗಿಯೇ ಇದೆ. ಐವತ್ತು ಲಕ್ಷಕ್ಕೆ ವರ್ಷದ ಬಡ್ಡಿ ನಾಲ್ಕು ಲಕ್ಷದ ಇಪ್ಪತ್ತೈದು ಸಾವಿರ. ಅದರ ಹನ್ನೆರಡನೆಯ ಒಂದು ಪಾಲು 35,417. ಮೊದಲ ಕಂತಿನಲ್ಲಿ ಇಷ್ಟೂ ಬಡ್ಡಿಗೇ ಜಮಾ ಆಗಿ, ಅಸಲಿಗೆ ಸಲ್ಲುವುದು 7,974 ರೂಪಾಯಿ ಮಾತ್ರ. ಎರಡನೆಯ ತಿಂಗಳು ಬಡ್ಡಿ ಕೇವಲ ಐವತ್ತಾರು ರೂಪಾಯಿ ಇಳಿಯುತ್ತದೆ. ಇರುವೆಯ ನಡಿಗೆಯಂತೆ ಅಸಲು ಸವೆಯುತ್ತ ಹೋಗುತ್ತದೆ. ಮೊದಲ ವರ್ಷ ಕಟ್ಟಿದ ಐದು ಲಕ್ಷದ ಇಪ್ಪತ್ತು ಸಾವಿರದಲ್ಲಿ ಅಸಲು ತೀರುವುದು ಒಂದು ಲಕ್ಷಕ್ಕೂ ಕಡಿಮೆ. ಐದು ವರ್ಷ ಕಟ್ಟಿದ ಮೇಲೆ ಇಪ್ಪತ್ತಾರು ಲಕ್ಷ ಕೈಬಿಟ್ಟಿರುತ್ತದೆ. ಸಾಲ ಇನ್ನೂ ನಲವತ್ತನಾಲ್ಕು ಲಕ್ಷ ಉಳಿದಿರುತ್ತದೆ. ಹತ್ತು ವರ್ಷವಾದಾಗ, ಎಂದರೆ ಅರ್ಧ ಅವಧಿ ಕಳೆದಾಗ, ಉಳಿಯುವ ಸಾಲ ಮೂವತ್ತೈದು ಲಕ್ಷ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗಬೇಕಾದರೆ ಹನ್ನೆರಡನೆಯ ವರ್ಷ ಮುಗಿಯುತ್ತ ಬರಬೇಕು. ಅರ್ಧ ಸಾಲ ತೀರುವುದು ಹದಿಮೂರು ವರ್ಷ ಹತ್ತು ತಿಂಗಳಿಗೆ!

“ಹತ್ತು ವರ್ಷಕ್ಕೆ ಮನೆ ಅರ್ಧ ನಮ್ಮದಾಗುತ್ತದೆಂದು ಎಣಿಸಿದ್ದೆ, ಮಾವ,” ಎಂದಳು ಸೊಸೆ.

“ಎಲ್ಲರೂ ಹಾಗೆಯೇ ಎಣಿಸುವುದಮ್ಮ. ಆ ಎಣಿಕೆಯಿಂದಲೇ ತಪ್ಪು ಆರಂಭ.”

ಕಂತು ಕಡಿಮೆ, ಸಾಲ ದುಬಾರಿ

ಮಗನ ಆಲೋಚನೆ ಬೇರೆಯಾಗಿತ್ತು. ಮೂವತ್ತು ವರ್ಷದ ಅವಧಿಯಾದರೆ ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಸುಮಾರು ಐದು ಸಾವಿರ ಕೈಯಲ್ಲಿ ಉಳಿಯುತ್ತದೆ. ಬ್ಯಾಂಕಿನವರೂ ಅದನ್ನೇ ಸೂಚಿಸಿದ್ದರು. ಸೊಸೆಗೆ ಹದಿನೈದು ವರ್ಷದಲ್ಲಿ ತೀರಿಸಿಬಿಡುವ ಹಂಬಲ. ಆಗ ಕಂತು 49,237. ವೃದ್ಧರು ಮೂರನ್ನೂ ಒಂದರ ಕೆಳಗೊಂದು ಬರೆದರು. ಹದಿನೈದು ವರ್ಷಕ್ಕೆ ಬಡ್ಡಿ ಮೂವತ್ತೆಂಟು ಲಕ್ಷದ ಅರುವತ್ತೆರಡು ಸಾವಿರ. ಇಪ್ಪತ್ತು ವರ್ಷಕ್ಕೆ ಐವತ್ತನಾಲ್ಕು ಲಕ್ಷದ ಹದಿಮೂರು ಸಾವಿರ. ಮೂವತ್ತು ವರ್ಷಕ್ಕೆ ಎಂಬತ್ತೆಂಟು ಲಕ್ಷದ ನಲವತ್ತು ಸಾವಿರ. ತಿಂಗಳಿಗೆ ಐದು ಸಾವಿರ ಉಳಿಸುವ ಸಲುವಾಗಿ ಮೂವತ್ತನಾಲ್ಕು ಲಕ್ಷ ಹೆಚ್ಚು ಬಡ್ಡಿ.

“ಇನ್ನೊಂದು ಲೆಕ್ಕವಿದೆ,” ಎಂದರು ಅವರು. “ಮೂವತ್ತು ವರ್ಷವೆಂದರೆ ನಿನಗೆ ಅರುವತ್ತನಾಲ್ಕು ತುಂಬುತ್ತದೆ. ಅರುವತ್ತಕ್ಕೆ ಸಂಬಳ ನಿಲ್ಲುತ್ತದೆ. ಆ ನಾಲ್ಕು ವರ್ಷದ ಕಂತು ಎಲ್ಲಿಂದ ಬರುತ್ತದೆ? ನನಗೆ ಪಿಂಚಣಿ ಇದೆ. ನಿನಗೆ ಅದೂ ಇಲ್ಲ.”

ಮಗನು ಮಾತನಾಡಲಿಲ್ಲ. ಆದರೆ ಹದಿನೈದು ವರ್ಷದ ಪಕ್ಷವನ್ನೂ ವೃದ್ಧರು ಒಪ್ಪಲಿಲ್ಲ. ಒಂದು ಲಕ್ಷದ ಐದು ಸಾವಿರದಲ್ಲಿ ನಲವತ್ತೊಂಬತ್ತು ಸಾವಿರ ಕಂತಿಗೇ ಹೋದರೆ, ಮಗುವಿನ ಶಾಲೆ, ಫ್ಲಾಟಿನ ನಿರ್ವಹಣೆಯ ಶುಲ್ಕ, ಆಸ್ತಿ ತೆರಿಗೆ, ದಿನಸಿ, ಔಷಧ ಇವೆಲ್ಲಕ್ಕೂ ಉಸಿರು ಬಿಗಿಹಿಡಿಯಬೇಕಾಗುತ್ತದೆ. ಉಸಿರು ಬಿಗಿಹಿಡಿದ ಸಂಸಾರ ಮೊದಲ ಜಡ್ಡಿಗೇ ಕ್ರೆಡಿಟ್ ಕಾರ್ಡಿನ ಸಾಲಕ್ಕೆ ಕೈ ಚಾಚುತ್ತದೆ. ಅದರ ಬಡ್ಡಿಯ ಮುಂದೆ ಮನೆಯ ಸಾಲದ ಬಡ್ಡಿ ಏನೂ ಅಲ್ಲ.

ಏರಿಳಿಯುವ ಬಡ್ಡಿ

ಈವರೆಗಿನ ಲೆಕ್ಕವೆಲ್ಲ ಬಡ್ಡಿಯ ದರ ಇಪ್ಪತ್ತು ವರ್ಷವೂ ಒಂದೇ ಸಮನಾಗಿರುತ್ತದೆಂಬ ಭಾವನೆಯ ಮೇಲೆ ನಿಂತಿದೆ. ನಿಜದಲ್ಲಿ ಹಾಗಿರುವುದಿಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಏರಿಳಿಯುವ ದರದಲ್ಲಿ ಕೊಡುವ ಹೊಸ ಗೃಹಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕು ವಿಧಿಸಿತು. ಹೆಚ್ಚಿನ ಬ್ಯಾಂಕುಗಳು ಆರಿಸಿಕೊಂಡದ್ದು ರಿಪೋ ದರವನ್ನು. ಆ ದರ 2022ರ ಮೇ ತಿಂಗಳವರೆಗೆ ಶೇಕಡ 4 ಇದ್ದದ್ದು, 2023ರ ಫೆಬ್ರವರಿಯ ಹೊತ್ತಿಗೆ ಆರೂವರೆಗೆ ಏರಿತು. ಒಂಬತ್ತೇ ತಿಂಗಳಲ್ಲಿ ಎರಡೂವರೆ ಅಂಶದ ಏರಿಕೆ!

ಇದರ ಪರಿಣಾಮವನ್ನು ಒಂದು ಉದಾಹರಣೆಯಿಂದ ತಿಳಿಯಬಹುದು. ಶೇಕಡ 7ರ ದರದಲ್ಲಿ ಇಪ್ಪತ್ತು ವರ್ಷಕ್ಕೆ ಐವತ್ತು ಲಕ್ಷ ಪಡೆದವರ ಕಂತು 38,765. ಒಂದು ವರ್ಷ ಕಟ್ಟಿದ ಮೇಲೆ ಉಳಿದ ಸಾಲ ನಲವತ್ತೆಂಟು ಲಕ್ಷದ ಎಂಬತ್ತೊಂದು ಸಾವಿರ. ಆಗ ದರವು ಒಮ್ಮೆಗೇ ಒಂಬತ್ತೂವರೆಗೆ ಏರಿತೆಂದು ಭಾವಿಸಿದರೆ, ತಿಂಗಳ ಬಡ್ಡಿಯೇ 38,642 ಆಗುತ್ತದೆ. ಕಂತು ಮೊದಲಿನಷ್ಟೇ ಇದ್ದರೆ ಅಸಲಿಗೆ ಸಲ್ಲುವುದು ತಿಂಗಳಿಗೆ ನೂರಿಪ್ಪತ್ತಮೂರು ರೂಪಾಯಿ! ಈ ವೇಗದಲ್ಲಿ ಸಾಲ ತೀರಲು ಅರುವತ್ತು ವರ್ಷಕ್ಕೂ ಹೆಚ್ಚು ಬೇಕು. ಮೊದಲಿನ ಅವಧಿಯಲ್ಲೇ ತೀರಬೇಕಾದರೆ ಕಂತು 46,313ಕ್ಕೆ ಏರಬೇಕು. ಎಷ್ಟೋ ಸಂಸಾರಗಳಲ್ಲಿ ಕಂತು ಬದಲಾಗದ್ದರಿಂದ ಏನೂ ಆಗಿಲ್ಲವೆಂದು ನಿಶ್ಚಿಂತರಾಗಿದ್ದರು. ಅವಧಿ ಸದ್ದಿಲ್ಲದೆ ಬೆಳೆದಿತ್ತು.

ಈ ಸ್ಥಿತಿಯನ್ನು ಕಂಡು ರಿಸರ್ವ್ ಬ್ಯಾಂಕು 2023ರ ಆಗಸ್ಟ್‌ನಲ್ಲಿ ಒಂದು ಆದೇಶ ಹೊರಡಿಸಿತು. ದರ ಬದಲಾದಾಗ ಕಂತಿಗೂ ಅವಧಿಗೂ ಏನಾಗುತ್ತದೆಂಬುದನ್ನು ಸಾಲಗಾರನಿಗೆ ತಿಳಿಸಬೇಕು. ಕಂತನ್ನು ಏರಿಸುವುದೋ, ಅವಧಿಯನ್ನು ಬೆಳೆಸುವುದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂಬ ಆಯ್ಕೆಯನ್ನು ಅವನಿಗೇ ಬಿಡಬೇಕು. ಮೂರು ತಿಂಗಳಿಗೊಮ್ಮೆ ಸಂದ ಅಸಲು, ಸಂದ ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇವುಗಳ ವಿವರವನ್ನು ಕೊಡಬೇಕು. ಈ ಕಾಗದವನ್ನು ಓದದೆ ಬೀರುವಿಗೆ ಸೇರಿಸುವವರೇ ಹೆಚ್ಚು. ಅದರಲ್ಲಿ ನೋಡಬೇಕಾದ ಅಂಕಿ ಒಂದೇ: ಉಳಿದಿರುವ ಕಂತುಗಳು ಎಷ್ಟು?

2025ರಲ್ಲಿ ರಿಪೋ ದರವು ಆರೂವರೆಯಿಂದ ಐದೂಕಾಲಿಗೆ ಇಳಿಯಿತು. ಏರಿದ್ದು ಇಳಿಯುವುದೂ ಉಂಟು. ಆದರೆ ಇಳಿದ ಲಾಭ ಎಲ್ಲರಿಗೂ ಒಂದೇ ಸಮನಾಗಿ ದೊರೆಯುವುದಿಲ್ಲ. 2019ಕ್ಕೆ ಹಿಂದಿನ ಪದ್ಧತಿಯಲ್ಲೇ ಉಳಿದಿರುವ ಹಳೆಯ ಸಾಲಗಳಲ್ಲಿ ಇಳಿಕೆ ನಿಧಾನ. ಗೃಹಸಾಲದ ಕಂಪೆನಿಗಳಿಗೆ ಈ ಹೊರಗಿನ ಮಾನದಂಡದ ಕಟ್ಟುಪಾಡೇ ಇಲ್ಲ. ಹೊಸ ಸಾಲಗಾರರಿಗೆ ತನ್ನ ಬ್ಯಾಂಕು ಯಾವ ದರದಲ್ಲಿ ಕೊಡುತ್ತಿದೆಯೆಂದು ಹಳೆಯ ಸಾಲಗಾರನು ವರ್ಷಕ್ಕೊಮ್ಮೆ ವಿಚಾರಿಸಬೇಕು. ಅಂತರ ಹೆಚ್ಚಾಗಿದ್ದರೆ ಅಲ್ಪ ಶುಲ್ಕ ತೆತ್ತು ಅದೇ ಬ್ಯಾಂಕಿನಲ್ಲಿ ದರವನ್ನು ಬದಲಾಯಿಸಿಕೊಳ್ಳುವ ಅವಕಾಶ ಸಾಮಾನ್ಯವಾಗಿ ಉಂಟು.

ಸಾಲದೊಳಗೆ ಸೇರಿಕೊಳ್ಳುವ ಸಣ್ಣ ಸಾಲಗಳು

ಕಾಗದಗಳ ನಡುವೆ ಒಂದು ವಿಮೆಯ ಅರ್ಜಿಯೂ ಇತ್ತು. ಸಾಲಗಾರನಿಗೆ ಏನಾದರೂ ಆದರೆ ಸಾಲ ತೀರಿಸುವ ವಿಮೆ. ಒಂದೇ ಕಂತಿನ ಪ್ರೀಮಿಯಂ ಒಂದೂವರೆ ಲಕ್ಷ. “ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತಾರೆ,” ಎಂದನು ಮಗ. ವೃದ್ಧರು ಗುಣಿಸಿ ನೋಡಿದರು. ಎಂಟೂವರೆಯ ದರದಲ್ಲಿ ಇಪ್ಪತ್ತು ವರ್ಷಕ್ಕೆ ಆ ಒಂದೂವರೆ ಲಕ್ಷ ಮೂರು ಲಕ್ಷದ ಹನ್ನೆರಡು ಸಾವಿರವಾಗುತ್ತದೆ. ವಿಮೆ ಬೇಕು, ನಿಜ. ದುಡಿಯುವವನ ಸಾಲವನ್ನು ವಿಮೆಯಿಲ್ಲದೆ ಹೆಂಡತಿಮಕ್ಕಳ ತಲೆಯ ಮೇಲೆ ಬಿಟ್ಟುಹೋಗಬಾರದು. ಆದರೆ ವರ್ಷವರ್ಷವೂ ಪ್ರೀಮಿಯಂ ಕಟ್ಟುವ ಅವಧಿ ವಿಮೆಯನ್ನು ಹೊರಗೆ ಪ್ರತ್ಯೇಕವಾಗಿ ಪಡೆಯಬಹುದು. ಅದರ ಬೆಲೆಯನ್ನೂ ಇದರ ಬೆಲೆಯನ್ನೂ ಹೋಲಿಸಿ ನೋಡಿದ ಮೇಲೆ ತೀರ್ಮಾನಿಸುವುದು ವಿಹಿತ.

2024ರ ಅಕ್ಟೋಬರ್ 1ರಿಂದ ಸಾಲ ಕೊಡುವವರು ‘ಪ್ರಮುಖ ಅಂಶಗಳ ಹೇಳಿಕೆ’ಯೊಂದನ್ನು ಕೊಡಲೇಬೇಕು. ಬಡ್ಡಿಯೊಡನೆ ಸಂಸ್ಕರಣ ಶುಲ್ಕ, ವಿಮೆ, ಕಾನೂನು ಪರಿಶೀಲನೆ ಮುಂತಾದ ಖರ್ಚುಗಳನ್ನೂ ಸೇರಿಸಿ ವಾರ್ಷಿಕ ದರ ಎಷ್ಟಾಗುತ್ತದೆಂಬುದು ಅದರಲ್ಲಿ ಒಂದೇ ಅಂಕಿಯಲ್ಲಿ ಇರುತ್ತದೆ. ಎರಡು ಬ್ಯಾಂಕುಗಳನ್ನು ತೂಗಿ ನೋಡುವವರು ಜಾಹೀರಾತಿನ ದರವನ್ನು ಬಿಟ್ಟು ಈ ಅಂಕಿಯನ್ನು ತೂಗಬೇಕು.

ಆದಾಯ ತೆರಿಗೆಯಲ್ಲಿ ಉಳಿತಾಯವಾಗುತ್ತದೆಂಬ ಸಮಾಧಾನವನ್ನೂ ಪರೀಕ್ಷಿಸಬೇಕು. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ ಎರಡು ಲಕ್ಷದವರೆಗಿನ ವಿನಾಯಿತಿ ಹಳೆಯ ತೆರಿಗೆ ಪದ್ಧತಿಯನ್ನು ಆರಿಸಿಕೊಂಡವರಿಗೆ ಮಾತ್ರ. ಹೊಸ ಪದ್ಧತಿಯಲ್ಲಿ ಅದಿಲ್ಲ. ಹಳೆಯ ಪದ್ಧತಿಯಲ್ಲಿರುವವರಿಗೂ ಮೊದಲ ವರ್ಷದ ನಾಲ್ಕು ಲಕ್ಷದ ಇಪ್ಪತ್ತೊಂದು ಸಾವಿರ ಬಡ್ಡಿಯಲ್ಲಿ ಅರ್ಧಕ್ಕಿಂತ ಕಡಿಮೆ ಭಾಗಕ್ಕೇ ಅದು ಅನ್ವಯಿಸುತ್ತದೆ.

ಬಡ್ಡಿಯ ಬೆನ್ನು ಮುರಿಯುವ ಬಗೆ

“ಹಾಗಾದರೆ ಮನೆಯೇ ಬೇಡವೆನ್ನುತ್ತೀರಾ, ಅಪ್ಪ?” ಮಗನ ಧ್ವನಿಯಲ್ಲಿ ಬೇಸರವಿತ್ತು.

“ಯಾರು ಹಾಗೆಂದರು? ಇಪ್ಪತ್ತು ವರ್ಷದಿಂದ ಬಾಡಿಗೆ ಕೊಟ್ಟಿದ್ದೇನೆ. ಅದರಲ್ಲಿ ಒಂದು ಕಾಸೂ ಹಿಂದಿರುಗಲಿಲ್ಲ.”

ವೃದ್ಧರ ಮಾತು ನ್ಯಾಯವಾದುದು. ಬಡ್ಡಿಯ ಮೊತ್ತವೊಂದನ್ನೇ ನೋಡಿ ಹೆದರುವುದೂ ಸರಿಯಲ್ಲ. ಮನೆ ಕೊಂಡವನಿಗೆ ಬಾಡಿಗೆ ಉಳಿಯುತ್ತದೆ. ಬಾಡಿಗೆ ವರ್ಷೇ ವರ್ಷೇ ಏರುತ್ತದೆ, ಕಂತು ಬಡ್ಡಿಯ ದರವನ್ನು ಮಾತ್ರ ಅವಲಂಬಿಸಿರುತ್ತದೆ. ಮೇಲಾಗಿ ಇಪ್ಪತ್ತು ವರ್ಷದ ಅನಂತರದ ರೂಪಾಯಿ ಇಂದಿನ ರೂಪಾಯಿಯಲ್ಲ. ಬೆಲೆಗಳು ವರ್ಷಕ್ಕೆ ಶೇಕಡ 5ರಂತೆ ಏರಿದರೆ, ಕೊನೆಯ ಕಂತಿನ 43,391 ರೂಪಾಯಿಗೆ ಇಂದಿನ ಹದಿನಾರು ಸಾವಿರದಷ್ಟೇ ಬೆಲೆ ಇರುತ್ತದೆ. ಸಂಬಳ ಏರುತ್ತ ಹೋದಂತೆ ಭಾರ ಹಗುರವಾಗುತ್ತದೆ. ಕಷ್ಟವಿರುವುದು ಮೊದಲ ಏಳೆಂಟು ವರ್ಷಗಳಲ್ಲಿ. ಬಡ್ಡಿಯ ಬೆನ್ನು ಮುರಿಯಲು ತಕ್ಕ ಕಾಲವೂ ಅದೇ.

ಒಂದು ನಿದರ್ಶನ. ಮೊದಲ ವರ್ಷದ ಕೊನೆಯಲ್ಲಿ ಎರಡು ಲಕ್ಷವನ್ನು ಹೆಚ್ಚಾಗಿ ಕಟ್ಟಿ, ಕಂತನ್ನು ಇಳಿಸದೆ ಮುಂದುವರಿಸಿದರೆ ಉಳಿಯುವ ಬಡ್ಡಿ ಏಳು ಲಕ್ಷಕ್ಕೂ ಮಿಗಿಲು. ಅದೇ ಎರಡು ಲಕ್ಷವನ್ನು ಹತ್ತನೆಯ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು ಎರಡೂವರೆ ಲಕ್ಷ. ಇನ್ನೊಂದು ಬಗೆ: ಪ್ರತಿ ವರ್ಷವೂ ಹನ್ನೆರಡರ ಬದಲು ಹದಿಮೂರು ಕಂತು ಕಟ್ಟುವುದು. ಹೀಗೆ ಮಾಡಿದರೆ ಇಪ್ಪತ್ತು ವರ್ಷದ ಸಾಲ ಹದಿನಾರು ವರ್ಷ ಒಂಬತ್ತು ತಿಂಗಳಲ್ಲಿ ತೀರುತ್ತದೆ. ಬಡ್ಡಿಯಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಉಳಿತಾಯ. ಏರಿಳಿಯುವ ದರದ ಸ್ವಂತ ಮನೆಯ ಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳಿಂದ ದಂಡಶುಲ್ಕ ವಸೂಲು ಮಾಡುವಂತಿಲ್ಲವೆಂಬುದು ರಿಸರ್ವ್ ಬ್ಯಾಂಕಿನ ನಿಯಮ. ಸ್ಥಿರ ದರದ ಸಾಲವಾದರೆ ಕರಾರನ್ನು ಓದಿ ನೋಡಬೇಕು.

ಹೆಚ್ಚಿನ ಹಣ ಕಟ್ಟುವಾಗ ಒಂದು ಎಚ್ಚರಿಕೆ ಅಗತ್ಯ. ಕಂತನ್ನು ಇಳಿಸಬೇಕೇ, ಅವಧಿಯನ್ನು ಇಳಿಸಬೇಕೇ ಎಂದು ಬ್ಯಾಂಕಿನವರು ಕೇಳುತ್ತಾರೆ. ಅವಧಿಯನ್ನು ಇಳಿಸಬೇಕೆಂದು ಬರೆದುಕೊಡಬೇಕು. ಉಳಿತಾಯದ ದೊಡ್ಡ ಪಾಲು ಅದರಲ್ಲಿಯೇ ಇದೆ. ಹಾಗೆಂದು ಆಪತ್ಕಾಲಕ್ಕೆ ಇಟ್ಟ ಹಣವನ್ನಾಗಲಿ, ಭವಿಷ್ಯನಿಧಿಯನ್ನಾಗಲಿ ಬರಿದು ಮಾಡಿ ಸಾಲಕ್ಕೆ ಸುರಿಯುವುದು ವಿವೇಕವಲ್ಲ. ಸಾಲಕ್ಕೆ ಕಟ್ಟಿದ ಹಣ ಬೇಕೆಂದಾಗ ಹಿಂದಿರುಗಿ ಬರುವುದಿಲ್ಲ.

ಸಂಜೆಯ ಕಾಫಿಯ ಹೊತ್ತಿಗೆ ಆ ಮನೆಯಲ್ಲಿ ತೀರ್ಮಾನವಾಯಿತು. ಇಪ್ಪತ್ತು ವರ್ಷದ ಸಾಲ. ವಿಮೆ ಹೊರಗೆ ಪ್ರತ್ಯೇಕ. ಆರು ಕಂತಿನಷ್ಟು ಹಣ, ಎರಡು ಲಕ್ಷದ ಅರುವತ್ತು ಸಾವಿರ, ಬ್ಯಾಂಕಿನಲ್ಲಿ ಮುಟ್ಟದೆ ಇಡುವುದು. ಪ್ರತಿ ಯುಗಾದಿಗೆ ಹದಿಮೂರನೆಯ ಕಂತು. ಮನೆಯ ಒಳಾಂಗಣಕ್ಕೆಂದು ಮಗನು ಯೋಚಿಸಿದ್ದ ಆರು ಲಕ್ಷದ ಇನ್ನೊಂದು ಸಾಲವನ್ನು ಯಾರೂ ಬೇಡವೆನ್ನಲಿಲ್ಲ. ಅವನೇ ಆ ಕಾಗದವನ್ನು ಮಡಿಸಿ ಬೇರೆ ಇಟ್ಟನು. ಹಳೆಯ ಮಂಚ, ಹಳೆಯ ಬೀರು ಹೊಸ ಮನೆಗೂ ಬರಲಿವೆ.

ವೃದ್ಧರು ನೋಟ್‌ಬುಕ್ಕಿನ ಕೊನೆಯ ಪುಟದಲ್ಲಿ ಮತ್ತೊಂದು ಮಾತನ್ನು ಬರೆದರು. ಸಾಲ ಪೂರ್ತಿ ತೀರಿದ ಮೂವತ್ತು ದಿನಗಳೊಳಗೆ ಬ್ಯಾಂಕು ಮೂಲ ಕ್ರಯಪತ್ರಗಳನ್ನು ಹಿಂದಿರುಗಿಸಬೇಕು; ತನ್ನ ತಪ್ಪಿನಿಂದ ತಡವಾದರೆ ದಿನಕ್ಕೆ ಐದು ಸಾವಿರ ರೂಪಾಯಿಯಂತೆ ಪರಿಹಾರ ಕೊಡಬೇಕು. ಈ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಪತ್ರಗಳನ್ನು ಪಡೆದ ಮೇಲೆ ಉಪನೋಂದಣಾಧಿಕಾರಿಯ ಕಚೇರಿಯಲ್ಲಿ ಅಡಮಾನದ ನಮೂದು ತೆಗೆದುಹೋಗಿದೆಯೇ ಎಂದು ಋಣಭಾರ ಪತ್ರ ತೆಗೆಸಿ ನೋಡಬೇಕು.

“ಇದನ್ನೇಕೆ ಈಗಲೇ ಬರೆಯುತ್ತೀರಿ, ಮಾವ? ಇನ್ನೂ ಹದಿನೇಳು ವರ್ಷವಿದೆಯಲ್ಲ?” ಎಂದು ಸೊಸೆ ನಕ್ಕಳು.

“ಆಗ ನಾನು ಇರುತ್ತೇನೋ ಇಲ್ಲವೋ. ನೋಟ್‌ಬುಕ್ಕು ಇರಲಿ,” ಎಂದರು ಅವರು. ಮೊಮ್ಮಗಳು ಅದರ ಮೇಲ್ಗಡೆ ತನ್ನ ಬಣ್ಣದ ಪೆನ್ಸಿಲಿನಿಂದ ಒಂದು ಮನೆಯ ಚಿತ್ರ ಬರೆದಳು.